ತೆರೆಯ ಮೇಲೆ ಅರ್ಧ, ಪಕ್ಕದ ಕುರ್ಚಿಯಲ್ಲಿ ಇನ್ನರ್ಧ

ಮದುವೆ ಮುಗಿದು ಒಂದೆರಡು ತಿಂಗಳಾದ ಮೇಲೆ ಕ್ಯಾಸೆಟ್ ಬರುತ್ತಿತ್ತು. ತೊಂಬತ್ತರ ದಶಕದ ಮಾತು. ‘ಮಿಕ್ಸಿಂಗ್ ಆಗ್ತಾ ಇದೆ, ಇನ್ನೊಂದು ವಾರ’ ಎಂದು ಸ್ಟುಡಿಯೊದವರು ಸತಾಯಿಸಿ ಸತಾಯಿಸಿ ಕೊನೆಗೆ ಕೊಟ್ಟ ಆ ಕಪ್ಪು ಡಬ್ಬಿಯ ಮೇಲೆ ವಧೂವರರ ಹೆಸರಿನ ಚೀಟಿ. ಮನೆಯಲ್ಲಿ ವಿಸಿಆರ್ ಇಲ್ಲದಿದ್ದರೆ ಬಾಡಿಗೆಗೆ ತರಬೇಕು. ತಂದ ಮೇಲೆ ರಾತ್ರಿಯಿಡೀ ದುಡಿಸಿಕೊಳ್ಳಬೇಕು. ಹಜಾರದಲ್ಲಿ ಚಾಪೆ ಹಾಸಿ, ಅಕ್ಕಪಕ್ಕದವರೂ ಬಂದು ಕೂತ ಮೇಲೆ ತೆರೆಯಲ್ಲಿ ಮೊದಲು ಗಣಪತಿ, ಆಮೇಲೆ ಲಗ್ನಪತ್ರಿಕೆ, ಆಮೇಲೆ ಛತ್ರದ ಬಾಗಿಲಲ್ಲಿ ಪನ್ನೀರು ಚಿಮುಕಿಸುವ ಹುಡುಗಿಯರು.

ಸದ್ದು ಮಾತ್ರ ಛತ್ರದ್ದಲ್ಲ. ಉದ್ದಕ್ಕೂ ಸಿನಿಮಾ ಹಾಡು. ತೆರೆಯ ಮೇಲಿನವರ ತುಟಿ ಅಲ್ಲಾಡುತ್ತದೆ, ಮಾತು ಕೇಳುವುದಿಲ್ಲ. ಮಾತೆಲ್ಲ ಚಾಪೆಯ ಮೇಲಿನಿಂದ. ‘ಆ ನೀಲಿ ಸೀರೆ ನೋಡು, ಬೀಗರ ಕಡೆ ಅತ್ತಿಗೆ. ಊಟಕ್ಕೆ ಕೂರದೆ ಮುನಿಸಿಕೊಂಡಿದ್ದಳಲ್ಲ, ಅವಳೇ.’ ‘ಅಯ್ಯೋ, ದೊಡ್ಡಪ್ಪ! ಇದಾಗಿ ತಿಂಗಳಿಗೇ ಹೋಗಿಬಿಟ್ಟರು.’ ‘ಫಾರ್ವರ್ಡ್ ಮಾಡಬೇಡ್ವೋ, ಈಗ ನಾನು ಬರ್ತೀನಿ.’

ಇದೇ ಕ್ಯಾಸೆಟ್ಟಿನ ಮುಂದೆ ಹೊರಗಿನವರೊಬ್ಬರನ್ನು ಒಂಟಿಯಾಗಿ ಕೂರಿಸಿದರೆ ಹತ್ತು ನಿಮಿಷಕ್ಕೆ ಆಕಳಿಕೆ ಬರುತ್ತದೆ. ಮನೆಯವರಿಗೆ ಮೂರು ಗಂಟೆಯೂ ಸಾಲದು. ಹೋಮ್ ಮೂವಿ ಎಂಬುದರ ಗುಟ್ಟು ಇಷ್ಟೇ: ಚಿತ್ರದ ಅರ್ಧ ತೆರೆಯ ಮೇಲಿರುತ್ತದೆ, ಇನ್ನರ್ಧ ಅದನ್ನು ನೋಡುತ್ತ ಕೂತವರ ಬಾಯಲ್ಲಿರುತ್ತದೆ. ತೆರೆಯ ಅರ್ಧವನ್ನು ಉಳಿಸುವುದು ಹೇಗೆಂದು ಎಲ್ಲರೂ ಯೋಚಿಸುತ್ತಾರೆ. ಬಾಯಲ್ಲಿರುವ ಅರ್ಧ ಆರಿಹೋದಾಗ ಏನಾಗುತ್ತದೆ, ಅದನ್ನು ಮತ್ತೆ ಹೊತ್ತಿಸಲು ಇತಿಹಾಸಕಾರರೂ ಕಲಾವಿದರೂ ಏನೆಲ್ಲ ಮಾಡಿದ್ದಾರೆ ಎಂಬುದು ಹೆಚ್ಚು ಸ್ವಾರಸ್ಯದ ಕಥೆ.

ಮಗುವಿನ ಊಟದಿಂದ ಶುರು

ಸಿನಿಮಾ ಹುಟ್ಟಿದ ದಿನವೇ ಹೋಮ್ ಮೂವಿಯೂ ಹುಟ್ಟಿತು. 1895ರ ಡಿಸೆಂಬರ್ 28ರಂದು ಪ್ಯಾರಿಸ್‌ನ ಗ್ರಾಂಡ್ ಕೆಫೆಯಲ್ಲಿ ಲೂಮಿಯೇರ್ ಸೋದರರು ಟಿಕೆಟ್ ಇಟ್ಟು ತೋರಿಸಿದ ತುಣುಕುಗಳಲ್ಲಿ ಒಂದರಲ್ಲಿ ಅಣ್ಣ ಓಗ್ಯುಸ್ತ್ ತನ್ನ ಪುಟ್ಟ ಮಗಳಿಗೆ ಚಮಚದಲ್ಲಿ ತಿನ್ನಿಸುತ್ತಾನೆ. ಪಕ್ಕದಲ್ಲಿ ಹೆಂಡತಿ. ಕ್ಯಾಮೆರಾ ಹಿಂದೆ ತಮ್ಮ ಲೂಯಿ. ಒಂದು ನಿಮಿಷವೂ ಇಲ್ಲದ ಈ ಚಿತ್ರದಲ್ಲಿ ಅಂದಿನ ಪ್ರೇಕ್ಷಕರನ್ನು ಬೆರಗುಗೊಳಿಸಿದ್ದು ಮಗುವಲ್ಲ, ಹಿಂದಿನ ಮರದಲ್ಲಿ ಗಾಳಿಗೆ ಅಲ್ಲಾಡುವ ಎಲೆಗಳು ಎಂದು ಸಿನಿಮಾ ಚರಿತ್ರೆಕಾರರು ಮತ್ತೆ ಮತ್ತೆ ಬರೆದಿದ್ದಾರೆ. ತೆಗೆದವನು ಬೇಕೆಂದು ತೆಗೆದದ್ದು ಒಂದು, ನೋಡಿದವರು ಕಂಡದ್ದು ಇನ್ನೊಂದು. ಹೋಮ್ ಮೂವಿಯ ಮುಂದಿನ ಚರಿತ್ರೆಯುದ್ದಕ್ಕೂ ಇದು ನಡೆಯುತ್ತಲೇ ಬಂದಿದೆ.

ಮನೆಯೊಳಗೆ ಕ್ಯಾಮೆರಾ ಬರಲು ಇನ್ನೂ ಕಾಲು ಶತಮಾನ ಹಿಡಿಯಿತು. ಸಿನಿಮಾದವರು ಬಳಸುತ್ತಿದ್ದ ನೈಟ್ರೇಟ್ ಫಿಲ್ಮು ಕಿಡಿ ತಾಗಿದರೆ ಭುಗಿಲೇಳುತ್ತಿತ್ತು. ಅದನ್ನು ಮಕ್ಕಳ ಕೋಣೆಯಲ್ಲಿ ಇಡುವ ಹಾಗಿರಲಿಲ್ಲ. 1922ರ ಕೊನೆಗೆ ಫ್ರಾನ್ಸಿನ ಪಾಥೆ ಕಂಪನಿ 9.5 ಮಿಲಿಮೀಟರ್ ಅಗಲದ ಫಿಲ್ಮು ತಂದಿತು. 1923ರಲ್ಲಿ ಅಮೆರಿಕದ ಕೊಡಾಕ್, ಬೆಂಕಿಗೆ ಸುಲಭವಾಗಿ ಹತ್ತದ ಅಸಿಟೇಟ್‌ನಿಂದ ಮಾಡಿದ 16 ಎಂಎಂ ಫಿಲ್ಮನ್ನೂ ಅದರ ಕ್ಯಾಮೆರಾವನ್ನೂ ಮಾರುಕಟ್ಟೆಗೆ ಬಿಟ್ಟಿತು. ಕ್ಯಾಮೆರಾ, ಪ್ರೊಜೆಕ್ಟರ್, ಪರದೆ ಎಲ್ಲ ಸೇರಿದರೆ 335 ಡಾಲರ್. ಆಗಿನ ಒಂದು ಹೊಸ ಫೋರ್ಡ್ ಕಾರಿನ ಬೆಲೆ ಅದರ ಆಸುಪಾಸಿನಲ್ಲಿತ್ತು. ಅಂದರೆ ಇದು ಶ್ರೀಮಂತರ ಆಟಿಕೆಯೇ.

ಆರ್ಥಿಕ ಮುಗ್ಗಟ್ಟಿನ ನಡುವೆ 1932ರಲ್ಲಿ ಬಂದ 8 ಎಂಎಂ, ಮಧ್ಯಮವರ್ಗಕ್ಕೆ ಬಾಗಿಲು ತೆರೆಯಿತು. ಉಪಾಯ ಸರಳ: 16 ಎಂಎಂ ಫಿಲ್ಮನ್ನು ಕ್ಯಾಮೆರಾದಲ್ಲಿ ಒಮ್ಮೆ ಓಡಿಸಿ, ತಿರುಗಿಸಿ ಹಾಕಿ ಇನ್ನೊಮ್ಮೆ ಓಡಿಸುವುದು, ಲ್ಯಾಬಿನಲ್ಲಿ ಉದ್ದಕ್ಕೆ ಸೀಳುವುದು. 1935ರಲ್ಲಿ ಬಣ್ಣದ ಕೊಡಾಕ್ರೋಮ್ ಬಂತು. ಅದನ್ನು ಕಂಡುಹಿಡಿದ ಲಿಯೊಪೋಲ್ಡ್ ಮ್ಯಾನ್ಸ್ ಮತ್ತು ಲಿಯೊಪೋಲ್ಡ್ ಗೊಡೌಸ್ಕಿ ಇಬ್ಬರೂ ಕಸುಬಿನಲ್ಲಿ ಸಂಗೀತಗಾರರು. ಕೊನೆಗೆ 1965ರಲ್ಲಿ ಸೂಪರ್ 8. ಕತ್ತಲಲ್ಲಿ ಫಿಲ್ಮು ಪೋಣಿಸುವ ಗೋಳಿಲ್ಲ. ಪ್ಲಾಸ್ಟಿಕ್ ಡಬ್ಬಿಯನ್ನು ತುರುಕಿ ಗುಂಡಿ ಒತ್ತಿದರೆ ಮುಗಿಯಿತು.

ಎರಡು ತಾಂತ್ರಿಕ ಸಂಗತಿಗಳನ್ನು ಇಲ್ಲಿ ನೆನಪಿಟ್ಟುಕೊಳ್ಳಬೇಕು. ಮೊದಲನೆಯದು, ಸೂಪರ್ 8ರ ಒಂದು ಡಬ್ಬಿ ಓಡುತ್ತಿದ್ದುದು ಮೂರು ನಿಮಿಷ ಇಪ್ಪತ್ತು ಸೆಕೆಂಡು. ಫಿಲ್ಮಿನ ಬೆಲೆ, ತೊಳೆಸುವ ಖರ್ಚು ಎರಡೂ ದುಬಾರಿ. ಹಾಗಾಗಿ ಜನ ಒಂದೊಂದು ದೃಶ್ಯವನ್ನು ಎಂಟು ಹತ್ತು ಸೆಕೆಂಡು ತೆಗೆದು ನಿಲ್ಲಿಸುತ್ತಿದ್ದರು. ಒಂದೇ ರೀಲಿನಲ್ಲಿ ಈ ವರ್ಷದ ಕ್ರಿಸ್‌ಮಸ್, ಬೇಸಿಗೆಯ ಸಮುದ್ರತೀರ, ಮತ್ತೆ ಕ್ರಿಸ್‌ಮಸ್ ಇರುವುದುಂಟು. ಮಗು ಕಣ್ಣು ಮಿಟುಕಿಸುವಷ್ಟರಲ್ಲಿ ಅರ್ಧ ಅಡಿ ಬೆಳೆದಿರುತ್ತದೆ. ಎರಡನೆಯದು, ಕ್ಯಾಮೆರಾಕ್ಕೆ ಹಾಕಿದ ಫಿಲ್ಮೇ ತೊಳೆದ ಮೇಲೆ ಪ್ರೊಜೆಕ್ಟರಿನಲ್ಲಿ ಓಡುವ ಫಿಲ್ಮು. ನೆಗೆಟಿವ್ ಎಂಬುದಿಲ್ಲ. ಪ್ರಪಂಚದಲ್ಲಿ ಇರುವುದು ಅದೊಂದೇ ಪ್ರತಿ. ಅದು ಹೋದರೆ ಹೋಯಿತು.

ಅಪ್ಪ ಯಾಕೆ ಕಾಣುವುದಿಲ್ಲ?

ಪಶ್ಚಿಮದ ಹೋಮ್ ಮೂವಿಗಳನ್ನು ಸಾಲಾಗಿ ನೋಡಿದವರಿಗೆ ಬೇಗ ಗೊತ್ತಾಗುವ ವಿಷಯ: ಅಪ್ಪ ಅಪರೂಪ. ಕ್ಯಾಮೆರಾ ಅವನ ಕೈಯಲ್ಲಿ. ಹೆಂಡತಿ ಕೈ ಅಡ್ಡ ಹಿಡಿದು ‘ಸಾಕು’ ಎನ್ನುತ್ತಾಳೆ, ಮಕ್ಕಳು ಕೈಬೀಸುತ್ತಾರೆ, ಹುಟ್ಟುಹಬ್ಬದ ಮೇಣದಬತ್ತಿ ಆರುತ್ತದೆ, ಹೊಸ ಕಾರು ಬರುತ್ತದೆ. ಜಗಳವಿಲ್ಲ, ಆಸ್ಪತ್ರೆಯಿಲ್ಲ, ಸಾಲದವನು ಬಾಗಿಲಿಗೆ ಬಂದ ದಿನವಿಲ್ಲ. ಪಾತ್ರೆ ತೊಳೆಯುವುದನ್ನು ಯಾರೂ ತೆಗೆಯಲಿಲ್ಲ. ಈ ದೃಷ್ಟಿಯಿಂದ ಹೋಮ್ ಮೂವಿ ಸತ್ಯದ ದಾಖಲೆ ಎನ್ನುವುದಕ್ಕಿಂತ, ಮನೆಯ ಯಜಮಾನ ತನ್ನ ಮನೆ ಹೇಗೆ ಕಾಣಬೇಕೆಂದು ಬಯಸಿದನೋ ಅದರ ದಾಖಲೆ.

ಫ್ರೆಂಚ್ ವಿದ್ವಾಂಸ ರೊಜೆ ಒದ್ಯಾಂ ಹೋಮ್ ಮೂವಿಗಳ ಬಗ್ಗೆ ದೀರ್ಘಕಾಲ ಅಧ್ಯಯನ ಮಾಡಿದವರು. ಅವರ ಒಂದು ವಾದ ಮೊದಲ ಸಲ ಕೇಳಿದಾಗ ತಲೆಕೆಳಗಾಗಿ ಕಾಣುತ್ತದೆ: ಮನೆಯ ಚಿತ್ರ ತೀರಾ ಚೆನ್ನಾಗಿರಬಾರದು. ಕಥೆ, ಸಂಕಲನ, ವಿವರಣೆ ಎಲ್ಲ ಅಚ್ಚುಕಟ್ಟಾಗಿದ್ದರೆ ನೋಡುವವರಿಗೆ ಹೇಳಲು ಏನೂ ಉಳಿಯುವುದಿಲ್ಲ, ಸುಮ್ಮನೆ ಕೂರುತ್ತಾರೆ. ತುಂಡು ತುಂಡಾಗಿದ್ದರೆ, ನಡುನಡುವೆ ಖಾಲಿ ಬಿಟ್ಟಿದ್ದರೆ, ಮನೆಮಂದಿ ಆ ಖಾಲಿಯನ್ನು ತಮ್ಮ ಮಾತಿನಿಂದ ತುಂಬುತ್ತಾರೆ. ಒಬ್ಬರು ಹೇಳಿದ್ದನ್ನು ಇನ್ನೊಬ್ಬರು ತಿದ್ದುತ್ತಾರೆ. ಆ ತಿದ್ದಾಟದಲ್ಲೇ ಕುಟುಂಬದ ಚರಿತ್ರೆ ಕಟ್ಟಿಕೊಳ್ಳುತ್ತದೆ. ಹಾಗೆ ನೋಡಿದರೆ ಅಲುಗಾಡುವ ಕೈ, ಕತ್ತರಿಸಿದ ತಲೆ, ಅರ್ಧಕ್ಕೇ ನಿಂತ ದೃಶ್ಯಗಳನ್ನು ದೋಷ ಎನ್ನುವ ಹಾಗಿಲ್ಲ. ಇಂದಿನ ಡ್ರೋನ್ ಹಾರಿಸಿ ತೆಗೆದ, ಸಿನಿಮಾದಂತೆ ಹೊಳೆಯುವ ಮದುವೆ ವಿಡಿಯೊಗಳನ್ನು ಮನೆಯವರೇ ಎರಡನೇ ಸಲ ನೋಡುವುದಿಲ್ಲ ಏಕೆ ಎಂಬುದಕ್ಕೂ ಇದರಲ್ಲಿ ಉತ್ತರವಿರಬಹುದು.

ಮೂರು ನಿಮಿಷದ ಊರು

ಪಕ್ಕದಲ್ಲಿ ಕೂತು ಹೇಳುವವರೇ ಇಲ್ಲವಾದರೆ? ಪೋಲೆಂಡಿನ ನಾಶೆಲ್ಸ್ಕ್ ಎಂಬ ಸಣ್ಣ ಊರಿನ ಕಥೆ ಇದಕ್ಕೆ ನಾನು ಬಲ್ಲ ಅತ್ಯಂತ ತೀಕ್ಷ್ಣ ಉದಾಹರಣೆ.

1938ರ ಆಗಸ್ಟ್‌ನಲ್ಲಿ ಡೇವಿಡ್ ಕರ್ಟ್ಜ್ ಎಂಬ ನ್ಯೂಯಾರ್ಕಿನ ಯಹೂದಿ ವ್ಯಾಪಾರಿ ಹೆಂಡತಿ ಮತ್ತು ಗೆಳೆಯರೊಂದಿಗೆ ಯುರೋಪ್ ಪ್ರವಾಸ ಹೋದರು. ಎಲ್ಲ ಪ್ರವಾಸಿಗರಂತೆ ಅಲ್ಲಿ ಇಲ್ಲಿ ಕ್ಯಾಮೆರಾ ಓಡಿಸಿದರು. ನಡುವೆ ತಾವು ಹುಟ್ಟಿದ, ಎಳೆಯ ವಯಸ್ಸಿನಲ್ಲೇ ಬಿಟ್ಟುಬಂದ ಊರಿಗೆ ಒಂದು ಭೇಟಿ. ಅಲ್ಲಿ ತೆಗೆದದ್ದು ಮೂರು ನಿಮಿಷ ಚಿಲ್ಲರೆ, ಸ್ವಲ್ಪ ಬಣ್ಣದಲ್ಲಿ, ಉಳಿದದ್ದು ಕಪ್ಪುಬಿಳುಪಿನಲ್ಲಿ. ಬೀದಿಯಲ್ಲಿ ಜನ ಮುತ್ತಿಕೊಂಡಿದ್ದಾರೆ. ಹುಡುಗರು ಒಬ್ಬರನ್ನೊಬ್ಬರು ತಳ್ಳಿ ಕ್ಯಾಮೆರಾದ ಮುಂದೆ ಬರುತ್ತಾರೆ, ದೊಡ್ಡವನೊಬ್ಬ ಅವರನ್ನು ಹಿಂದೆ ಎಳೆಯುತ್ತಾನೆ. ಪ್ರಾರ್ಥನಾಮಂದಿರದ ಬಾಗಿಲಿನಿಂದ ಜನ ಇಳಿದು ಬರುತ್ತಾರೆ. ಅಷ್ಟೇ.

ಮುಂದಿನ ವರ್ಷ ಸೆಪ್ಟೆಂಬರ್‌ನಲ್ಲಿ ಜರ್ಮನ್ ಸೇನೆ ಬಂತು. 1939ರ ಡಿಸೆಂಬರ್‌ನಲ್ಲಿ ಊರಿನ ಯಹೂದಿಗಳನ್ನೆಲ್ಲ ಹೊರದಬ್ಬಲಾಯಿತು. ಅಲ್ಲಿದ್ದ ಸುಮಾರು 3,000 ಯಹೂದಿಗಳಲ್ಲಿ ಯುದ್ಧ ಮುಗಿಯುವ ಹೊತ್ತಿಗೆ ಬದುಕಿದ್ದವರು ನೂರಕ್ಕಿಂತ ಕಡಿಮೆ.

ಡೇವಿಡ್ ಅವರ ಮೊಮ್ಮಗ, ಲೇಖಕ ಗ್ಲೆನ್ ಕರ್ಟ್ಜ್, 2009ರಲ್ಲಿ ಫ್ಲಾರಿಡಾದ ತಂದೆತಾಯಿಯ ಮನೆಯ ಕಪಾಟಿನಲ್ಲಿ ಈ ರೀಲನ್ನು ಕಂಡರು. ಅಷ್ಟರಲ್ಲಿ ಫಿಲ್ಮು ಸುರುಟಿ ಕೆಟ್ಟುಹೋಗಿತ್ತು. ವಾಷಿಂಗ್ಟನ್ನಿನ ಹಾಲೊಕಾಸ್ಟ್ ಸ್ಮಾರಕ ವಸ್ತುಸಂಗ್ರಹಾಲಯ ಅದನ್ನು ಪಡೆದು, ಸರಿಪಡಿಸಿ, ಡಿಜಿಟಲ್ ಪ್ರತಿ ಮಾಡಿ ಎಲ್ಲರೂ ನೋಡುವಂತೆ ಇಂಟರ್ನೆಟ್ಟಿನಲ್ಲಿ ಇಟ್ಟಿತು. ಚಿತ್ರ ಸ್ಪಷ್ಟವಾಯಿತು, ನಿಜ. ಆದರೆ ಯಾರದು ಆ ಮುಖ? ಆ ಅಂಗಡಿ ಯಾರದು? ತೆಗೆದವರು ತೀರಿಕೊಂಡು ದಶಕಗಳಾಗಿದ್ದವು. ಫಿಲ್ಮು ಮೂಕವಾಗಿತ್ತು, ಎರಡೂ ಅರ್ಥದಲ್ಲಿ.

ಆಮೇಲೊಂದು ದಿನ ಅಮೆರಿಕದ ಮಹಿಳೆಯೊಬ್ಬರು ಆ ತುಣುಕನ್ನು ನೋಡುತ್ತಿದ್ದಾಗ ಗುಂಪಿನ ನಡುವೆ ನಗುತ್ತಿದ್ದ ಒಬ್ಬ ಹುಡುಗನನ್ನು ಕಂಡು ಬೆಚ್ಚಿದರು. ಅದು ತನ್ನ ಅಜ್ಜ. ಹದಿಮೂರು ವರ್ಷದವ. ಆ ಅಜ್ಜ ಇನ್ನೂ ಬದುಕಿದ್ದರು, ನೆನಪು ಗಟ್ಟಿಯಾಗಿತ್ತು. ಗ್ಲೆನ್ ಹೋಗಿ ಅವರ ಪಕ್ಕದಲ್ಲಿ ಕೂತರು. ಫಿಲ್ಮು ಓಡಿತು, ನಿಂತಿತು, ಹಿಂದಕ್ಕೆ ಹೋಯಿತು, ಮತ್ತೆ ಓಡಿತು. ಎಪ್ಪತ್ತು ವರ್ಷಗಳಿಂದ ಬಾಯಿಲ್ಲದಿದ್ದ ಚಿತ್ರ ಮಾತಾಡಲು ಶುರುಮಾಡಿತು. ಅಲ್ಲಿಂದ ಮುಂದೆ ಒಬ್ಬರಿಂದ ಇನ್ನೊಬ್ಬರ ವಿಳಾಸ, ಒಂದು ನೆನಪಿನಿಂದ ಇನ್ನೊಂದು. ಗ್ಲೆನ್ ಅದನ್ನೇ ಪುಸ್ತಕವಾಗಿ ಬರೆದರು.

2021ರಲ್ಲಿ ಡಚ್ ನಿರ್ದೇಶಕಿ ಬಿಯಾಂಕಾ ಸ್ಟಿಗ್ಟರ್ ಮಾಡಿದ ‘ತ್ರೀ ಮಿನಿಟ್ಸ್: ಎ ಲೆಂಗ್ದನಿಂಗ್’ ಚಿತ್ರ ಒಂದು ಗಂಟೆ ಮೀರಿ ಓಡುತ್ತದೆ. ಅದರಲ್ಲಿ ತೋರಿಸುವುದು ಈ ಮೂರು ನಿಮಿಷಗಳನ್ನು ಮಾತ್ರ. ಮಾತಾಡುವವರ ಮುಖವೂ ಇಲ್ಲ, ಇಂದಿನ ಊರಿನ ದೃಶ್ಯವೂ ಇಲ್ಲ. ಮಸುಕಾದ ಅಂಗಡಿ ಬೋರ್ಡಿನ ಅಕ್ಷರಗಳನ್ನು ಕೂಡಿಸಿ ಓದಲು ಎಷ್ಟು ಹೆಣಗಿದರು, ಬೀದಿಯ ಮರ ಯಾವ ಜಾತಿಯದು, ಅಂಗಿಯ ಗುಂಡಿ ಎಲ್ಲಿ ತಯಾರಾಯಿತು ಎಂದೆಲ್ಲ ಚಿತ್ರ ಕೇಳುತ್ತ ಹೋಗುತ್ತದೆ. ಆ ಊರಿನಲ್ಲಿ ಗುಂಡಿ ಕಾರ್ಖಾನೆ ಇತ್ತು. ಒಂದು ಹಂತದಲ್ಲಿ ಫಿಲ್ಮಿನಲ್ಲಿ ಕಂಡ ಮುಖಗಳನ್ನೆಲ್ಲ ಒಂದೊಂದಾಗಿ ಬಿಡಿಸಿ ಪರದೆಯ ಮೇಲೆ ಜೋಡಿಸುತ್ತಾರೆ. ನೂರೈವತ್ತರಷ್ಟು ಮುಖಗಳು, ಹೆಸರು ಸಿಕ್ಕಿದ್ದು ಬೆರಳೆಣಿಕೆಯಷ್ಟಕ್ಕೆ.

ಡೇವಿಡ್ ಕರ್ಟ್ಜ್ ಇತಿಹಾಸ ದಾಖಲಿಸಲು ಹೊರಟವರಲ್ಲ. ಡಲ್ಲಾಸ್‌ನ ಬಟ್ಟೆ ವ್ಯಾಪಾರಿ ಏಬ್ರಹಾಂ ಝಪ್ರೂಡರ್ ಕೂಡ 1963ರ ನವೆಂಬರ್ 22ರಂದು ಅಧ್ಯಕ್ಷರ ಮೆರವಣಿಗೆ ನೋಡಿ ಖುಷಿಪಡಲು ತನ್ನ 8 ಎಂಎಂ ಕ್ಯಾಮೆರಾ ತಂದಿದ್ದ. ಆ 26 ಸೆಕೆಂಡುಗಳಲ್ಲಿ ಕೆನಡಿ ಹತ್ಯೆ ಸೆರೆಯಾಯಿತು. ಮೂಲ ಫಿಲ್ಮಿಗಾಗಿ ಅಮೆರಿಕ ಸರ್ಕಾರ 1999ರಲ್ಲಿ ಆ ಕುಟುಂಬಕ್ಕೆ 1.6 ಕೋಟಿ ಡಾಲರ್ ತೆರಬೇಕಾಯಿತು. ಗೊತ್ತಿದ್ದೇ ತೆಗೆದವರೂ ಇದ್ದಾರೆ. ಎರಡನೇ ಮಹಾಯುದ್ಧದ ಕಾಲದಲ್ಲಿ ಜಪಾನಿ ಮೂಲದ ಅಮೆರಿಕನ್ನರನ್ನು ಮುಳ್ಳುತಂತಿಯ ಶಿಬಿರಗಳಿಗೆ ತಳ್ಳಿದಾಗ, ಯೂಟಾ ರಾಜ್ಯದ ಟೋಪಾಜ್ ಶಿಬಿರದಲ್ಲಿದ್ದ ಡೇವ್ ಟಾಟ್ಸುನೊ ನಿಷೇಧವಿದ್ದ ಕ್ಯಾಮೆರಾವನ್ನು ಬಚ್ಚಿಟ್ಟುಕೊಂಡು ಬಣ್ಣದಲ್ಲಿ ಚಿತ್ರ ತೆಗೆದರು. ಹಿಮ, ಮಕ್ಕಳು, ಪ್ರಾರ್ಥನೆ. ಎಲ್ಲ ಹೋಮ್ ಮೂವಿಗಳಲ್ಲಿರುವುದೇ. 1996ರಲ್ಲಿ ಅದು ಅಮೆರಿಕದ ರಾಷ್ಟ್ರೀಯ ಚಲನಚಿತ್ರ ಪಟ್ಟಿಗೆ ಸೇರಿತು.

ಒಂದೇ ಕಾಲ, ಎರಡು ಅಂಗಳ

ಹಂಗೇರಿಯ ನಿರ್ದೇಶಕ ಪೇಟರ್ ಫೋರ್ಗಾಚ್ ಇನ್ನೊಂದು ಬಗೆಯಲ್ಲಿ ಈ ಮೂಕತನವನ್ನು ಒಡೆದವರು. 1983ರಿಂದ ಬುಡಾಪೆಸ್ಟಿನಲ್ಲಿ ಅಪರಿಚಿತ ಕುಟುಂಬಗಳ ಹಳೆಯ ರೀಲುಗಳನ್ನು ಸಂಗ್ರಹಿಸತೊಡಗಿದರು. ಆಗಿನ ಹಂಗೇರಿಯಲ್ಲಿ ಸರ್ಕಾರಿ ಇತಿಹಾಸ ಒಂದೇ ಸ್ವರದ್ದು. ಮನೆಯೊಳಗಿನ ಈ ತುಣುಕುಗಳಲ್ಲಿ ಮಾತ್ರ ಯಾರೂ ತಿದ್ದದ ಬದುಕು ಉಳಿದಿತ್ತು. ಅವುಗಳಿಂದ ‘ಪ್ರೈವೇಟ್ ಹಂಗರಿ’ ಎಂಬ ಚಿತ್ರಸರಣಿಯನ್ನೇ ಕಟ್ಟಿದರು.

1997ರ ‘ದ ಮೇಲ್‌ಸ್ಟ್ರಾಮ್’ ಚಿತ್ರದಲ್ಲಿ ಅವರು ಇಟ್ಟದ್ದು ಎರಡು ಮನೆಗಳ ರೀಲುಗಳನ್ನು. ಒಂದು, ನೆದರ್ಲೆಂಡ್ಸಿನ ಪೀರೆಬೂಮ್ ಎಂಬ ಯಹೂದಿ ಕುಟುಂಬದ್ದು. ಇನ್ನೊಂದು, ಹಿಟ್ಲರ್ ಆ ದೇಶವನ್ನಾಳಲು ನೇಮಿಸಿದ್ದ ಆರ್ತುರ್ ಸೈಸ್-ಇನ್ಕ್ವಾರ್ಟ್ ಮನೆಯದ್ದು. ಇಲ್ಲಿ ಮದುವೆ, ಮಗು, ಸಮುದ್ರತೀರ. ಅಲ್ಲಿ ಕುದುರೆ ಸವಾರಿ, ಮೊಮ್ಮಗು, ಅತಿಥಿಯಾಗಿ ಬಂದ ನಾಜಿ ನಾಯಕ ಹಿಮ್ಲರ್. ಎರಡೂ ಕಡೆಯವರು ಕ್ಯಾಮೆರಾಕ್ಕೆ ಒಂದೇ ರೀತಿ ನಗುತ್ತಾರೆ. ಕೊನೆಗೆ ಪೀರೆಬೂಮ್ ಮನೆಯ ಮೇಜಿನ ಸುತ್ತ ಹೆಂಗಸರು ಬಟ್ಟೆ ಹೊಲಿಯುತ್ತ, ಚೀಲ ತುಂಬುತ್ತ ಕೂತಿದ್ದಾರೆ. ಮಾರನೆಯ ಪ್ರಯಾಣ ದುಡಿಮೆಯ ಶಿಬಿರಕ್ಕೆಂದು ಅವರು ತಿಳಿದಿದ್ದರು. ಅದು ಆಶ್‌ವಿಟ್ಜ್‌ಗೆ ಎಂಬುದನ್ನು ಫೋರ್ಗಾಚ್ ಒಂದು ಸಾಲಿನ ಬರಹದಲ್ಲಿ ತಿಳಿಸುತ್ತಾರೆ. ಆ ಮನೆಯವರಿಗೆ ಗೊತ್ತಿರದ ಸಂಗತಿ ನಮಗೆ ಗೊತ್ತು. ಪಕ್ಕದ ಕುರ್ಚಿಯಲ್ಲಿ ಕೂತವರು ಈಗ ನಾವು. ಕೂತಿರುವುದು ಸುಲಭವಾಗಿರುವುದಿಲ್ಲ.

ಕಣ್ಣು ಅವನದು, ಮಾತು ಅವಳದು

ಕಲೆ ಎಂದು ಹೆಮ್ಮೆಯಿಂದ ಹೋಮ್ ಮೂವಿ ಮಾಡಿದವರಲ್ಲಿ ದೊಡ್ಡ ಹೆಸರು ಯೋನಾಸ್ ಮೆಕಾಸ್. ಲಿಥುವೇನಿಯಾದ ಹಳ್ಳಿಯ ಕವಿ. 1944ರಲ್ಲಿ ಊರು ಬಿಟ್ಟು ಹೊರಟವರು ದಾರಿಯಲ್ಲಿ ನಾಜಿಗಳ ದುಡಿಮೆ ಶಿಬಿರಕ್ಕೆ ಸಿಕ್ಕಿಬಿದ್ದು, ಆಮೇಲೆ ನಿರಾಶ್ರಿತರ ಶಿಬಿರಗಳಲ್ಲಿ ವರ್ಷಗಟ್ಟಲೆ ಕಳೆದು, 1949ರ ಅಕ್ಟೋಬರ್‌ನಲ್ಲಿ ತಮ್ಮನೊಂದಿಗೆ ನ್ಯೂಯಾರ್ಕಿಗೆ ಬಂದಿಳಿದರು. ಕೆಲವೇ ವಾರಗಳಲ್ಲಿ ಸಾಲ ಮಾಡಿ ಕೊಂಡದ್ದು ಒಂದು ಬೊಲೆಕ್ಸ್ ಕ್ಯಾಮೆರಾ. ಕೀಲಿ ಕೊಟ್ಟು ಓಡಿಸುವ ಯಂತ್ರ. ಒಂದು ಸಲ ಕೀಲಿ ಕೊಟ್ಟರೆ ಅರ್ಧ ನಿಮಿಷದಷ್ಟು ಓಡುತ್ತದೆ. ಆ ಮಿತಿಯನ್ನೇ ಅವರು ಶೈಲಿ ಮಾಡಿಕೊಂಡರು. ಗೆಳೆಯರ ಮದುವೆ, ಉದ್ಯಾನವನದ ಹಿಮ, ಬೆಕ್ಕು, ಮೇಜಿನ ಮೇಲಿನ ಬ್ರೆಡ್ಡು, ಎಲ್ಲ ಮಿಂಚಿದ ಹಾಗೆ ಬಂದು ಹೋಗುತ್ತವೆ. ವರ್ಷಗಳ ಮೇಲೆ ಅದೇ ತುಣುಕುಗಳನ್ನು ಹರವಿಕೊಂಡು, ಲಿಥುವೇನಿಯದ ಉಚ್ಚಾರಣೆ ಬಿಡದ ಇಂಗ್ಲಿಷಿನಲ್ಲಿ, ತಡವರಿಸುತ್ತ, ತಮ್ಮ ಧ್ವನಿ ಸೇರಿಸಿದರು. 1971ರಲ್ಲಿ, ಇಪ್ಪತ್ತೇಳು ವರ್ಷಗಳ ನಂತರ, ಊರಿಗೆ ಹೋಗಿ ತಾಯಿಯನ್ನು ಕಂಡಾಗ ತೆಗೆದ ಚಿತ್ರದಲ್ಲಿ ಆಕೆ ಅಂಗಳದಲ್ಲಿ ಬೆಂಕಿ ಹೂಡಿ ಅಡುಗೆ ಮಾಡುತ್ತಿದ್ದಾಳೆ. 2000ದಲ್ಲಿ ಬಂದ ಅವರ ಒಂದು ಚಿತ್ರ ಐದು ಗಂಟೆಗೆ ಸಮೀಪ. ಅದರಲ್ಲಿ ಏನೂ ‘ನಡೆಯುವುದಿಲ್ಲ’, ಅದನ್ನು ಅವರೇ ನಗುತ್ತ ಹೇಳುತ್ತಾರೆ. ಎಲ್ಲರಿಗೂ ಇದು ರುಚಿಸದು. ನನ್ನ ಮಟ್ಟಿಗೆ ಐದು ಗಂಟೆ ಒಂದೇ ಸಲ ಕೂತು ನೋಡಲು ಹೆಚ್ಚು, ತುಂಡು ತುಂಡಾಗಿ ನೋಡಿದರೆ ಕಡಿಮೆ.

ಇನ್ನೊಂದು ಚಿತ್ರ ಇದಕ್ಕಿಂತ ಶಾಂತ, ಇದಕ್ಕಿಂತ ಹರಿತ. 2022ರಲ್ಲಿ ನೊಬೆಲ್ ಪಡೆದ ಫ್ರೆಂಚ್ ಲೇಖಕಿ ಆನಿ ಎರ್ನೋ, ಅದೇ ವರ್ಷ ಮಗನೊಂದಿಗೆ ಸೇರಿ ‘ದ ಸೂಪರ್ 8 ಇಯರ್ಸ್’ ಎಂಬ ಒಂದು ಗಂಟೆಯ ಚಿತ್ರ ಮಾಡಿದರು. ದೃಶ್ಯಗಳೆಲ್ಲ 1972ರಿಂದ 1981ರವರೆಗೆ ಆಕೆಯ ಗಂಡ ತೆಗೆದವು. ಮನೆ, ಇಬ್ಬರು ಗಂಡುಮಕ್ಕಳು, ಅತ್ತೆ ಮನೆ, ರಜೆಯ ಪ್ರವಾಸಗಳು. ಅಧ್ಯಕ್ಷ ಅಯೆಂದೆಯ ಕಾಲದ ಚಿಲಿ, ಬಾಗಿಲು ಮುಚ್ಚಿಕೊಂಡಿದ್ದ ಅಲ್ಬೇನಿಯಾ. ಮದುವೆ ಮುರಿದಾಗ ಗಂಡ ಕ್ಯಾಮೆರಾ ತೆಗೆದುಕೊಂಡು ಹೋದ. ರೀಲುಗಳು, ಪ್ರೊಜೆಕ್ಟರ್, ಪರದೆ ಆಕೆಯ ಬಳಿ ಉಳಿದವು.

ನಲವತ್ತು ವರ್ಷಗಳ ಮೇಲೆ ಆ ಮೂಕ ದೃಶ್ಯಗಳಿಗೆ ಆಕೆ ತನ್ನ ಬರಹವನ್ನು ಓದುತ್ತಾರೆ. ತೆರೆಯ ಮೇಲೆ ಸೌಮ್ಯವಾಗಿ ನಿಂತ ಎಳೆಯ ಹೆಂಗಸು, ಶಾಲಾ ಅಧ್ಯಾಪಕಿ, ಇಬ್ಬರು ಮಕ್ಕಳ ತಾಯಿ. ಆಕೆ ಆಗ ಮನೆಯವರಿಗೆ ತಿಳಿಯದಂತೆ ತನ್ನ ಮೊದಲ ಕಾದಂಬರಿ ಬರೆಯುತ್ತಿದ್ದಳು; 1974ರಲ್ಲಿ ಅದು ಪ್ರಕಟವಾಯಿತು. ಗಂಡನ ಕ್ಯಾಮೆರಾಕ್ಕೆ ಅದು ಕಾಣಲಿಲ್ಲ, ಕಾಣುವ ಹಾಗೂ ಇರಲಿಲ್ಲ. ವರ್ಷಗಳು ಉರುಳಿದಂತೆ ಕ್ಯಾಮೆರಾ ಹೆಂಡತಿಯ ಕಡೆ ತಿರುಗುವುದೇ ಅಪರೂಪವಾಗುತ್ತದೆ. ಕಟ್ಟಡಗಳು, ಬೆಟ್ಟಗಳು ಹೆಚ್ಚುತ್ತವೆ. ದಾಂಪತ್ಯ ಹಳಸುತ್ತಿರುವುದನ್ನು ಯಾರೂ ಚಿತ್ರೀಕರಿಸಲಿಲ್ಲ, ಆದರೂ ಅದು ಫಿಲ್ಮಿನಲ್ಲಿದೆ. ಹೇಳುವವರು ಬೇಕಿತ್ತು.

ಹೋಮ್ ಮೂವಿಯ ಈ ನಡುಗುವ ಕೈ, ಚುಕ್ಕೆ ಚುಕ್ಕೆಯ ಬಣ್ಣ ಈಗ ‘ನಿಜ’ ಎಂಬುದರ ಗುರುತಾಗಿಬಿಟ್ಟಿದೆ, ಜಾಹೀರಾತಿನವರೂ ಅದನ್ನು ಬಳಸುತ್ತಾರೆ. ಕೆನಡಾದ ನಿರ್ದೇಶಕಿ ಸಾರಾ ಪಾಲಿ ಈ ನಂಬಿಕೆಯ ಕಾಲನ್ನೇ ಎಳೆದರು. 2012ರ ‘ಸ್ಟೋರೀಸ್ ವಿ ಟೆಲ್’ ಚಿತ್ರದಲ್ಲಿ ತೀರಿಹೋದ ತಾಯಿಯ ಸೂಪರ್ 8 ದೃಶ್ಯಗಳನ್ನು ನಾವು ಕರಗಿ ನೋಡುತ್ತಿರುತ್ತೇವೆ. ಅವುಗಳಲ್ಲಿ ಹಲವು ನಟನಟಿಯರನ್ನಿಟ್ಟು ಹೊಸದಾಗಿ ತೆಗೆದವು ಎಂದು ತಿಳಿಯುವುದು ತಡವಾಗಿ.

ನಮ್ಮಲ್ಲಿ ಕ್ಯಾಮೆರಾ ಬಾಡಿಗೆಯದು

ಭಾರತದಲ್ಲಿ ತೆಗೆದ ಹಳೆಯ ಹೋಮ್ ಮೂವಿಗಳ ದೊಡ್ಡ ಸಂಗ್ರಹವೊಂದು ಇರುವುದು ಇಂಗ್ಲೆಂಡಿನ ಕೇಂಬ್ರಿಜ್ ವಿಶ್ವವಿದ್ಯಾಲಯದ ದಕ್ಷಿಣ ಏಷ್ಯಾ ಅಧ್ಯಯನ ಕೇಂದ್ರದಲ್ಲಿ. ತೆಗೆದವರು ಇಲ್ಲಿ ಅಧಿಕಾರಿಗಳಾಗಿ, ಸೈನಿಕರಾಗಿ, ತೋಟದ ಯಜಮಾನರಾಗಿ ಇದ್ದ ಬ್ರಿಟಿಷರು. ಬಂಗಲೆಯ ಹುಲ್ಲುಹಾಸು, ಗಿರಿಧಾಮ, ಬೇಟೆ, ಮಗುವಿನ ಹುಟ್ಟುಹಬ್ಬ. ದೃಶ್ಯದ ಅಂಚಿನಲ್ಲಿ ಮಗುವನ್ನೆತ್ತಿಕೊಂಡ ಆಯಾ, ಛತ್ರಿ ಹಿಡಿದ ಜವಾನ, ನೀರು ಹಾಕುವ ಮಾಲಿ. ದೊರೆಗಳ ಹೆಸರು ಕಡತದಲ್ಲಿದೆ. ಅಂಚಿನಲ್ಲಿರುವವರ ಮೊಮ್ಮಕ್ಕಳು ಈ ನಾಡಿನ ಯಾವುದೋ ಊರಿನಲ್ಲಿರಬಹುದು, ತಮ್ಮಜ್ಜಿ ಚಿತ್ರದಲ್ಲಿ ನಡೆದಾಡುತ್ತಿದ್ದಾಳೆಂದು ಅವರಿಗೆ ತಿಳಿಯದು. ನಾಶೆಲ್ಸ್ಕ್‌ನ ಚಿತ್ರಕ್ಕಾಗಿ ನಡೆದಂಥ ಹುಡುಕಾಟ ಇಲ್ಲಿ ನಡೆದದ್ದನ್ನು ನಾನು ಕೇಳಿಲ್ಲ.

ಸ್ವಾತಂತ್ರ್ಯಾನಂತರವೂ ಸಿನೆ ಕ್ಯಾಮೆರಾ ಇದ್ದದ್ದು ಅರಮನೆ, ಉದ್ಯಮಿ, ವಿದೇಶದಲ್ಲಿ ಓದಿಬಂದ ಡಾಕ್ಟರರ ಮನೆಗಳಲ್ಲಿ. ಆಮದಿನ ಕಟ್ಟುನಿಟ್ಟು, ಸುಂಕ, ಫಿಲ್ಮಿನ ಬೆಲೆ ಎಲ್ಲ ಸೇರಿ ನಮ್ಮ ಮಧ್ಯಮವರ್ಗ 8 ಎಂಎಂ ಯುಗವನ್ನೇ ದಾಟಿಬಿಟ್ಟಿತು. ನಮ್ಮ ಹೋಮ್ ಮೂವಿ ಶುರುವಾಗುವುದೇ ವಿಡಿಯೊದಿಂದ, 1982ರ ಏಷ್ಯನ್ ಕ್ರೀಡಾಕೂಟದ ನೆಪದಲ್ಲಿ ಬಣ್ಣದ ಟೀವಿ, ಅದರ ಬೆನ್ನಿಗೆ ವಿಸಿಆರ್ ಬಂದ ಮೇಲೆ. ಕ್ಯಾಮೆರಾ ಆಗಲೂ ಮನೆಯದಲ್ಲ, ಸ್ಟುಡಿಯೊದ್ದು. ತೆಗೆಯುವವನು ಅಪ್ಪನಲ್ಲ, ಬಾಡಿಗೆಗೆ ಬಂದ ಅಪರಿಚಿತ. ಅವನ ಜೊತೆಗೆ ಉರಿಯುವ ದೀಪವನ್ನೆತ್ತಿ ಹಿಡಿದ ಹುಡುಗ, ಅವನ ಹಿಂದೆ ಕಾಲಿಗೆ ತೊಡರುವ ವೈರು. ಆ ಬೆಳಕು ಬಿದ್ದಲ್ಲೆಲ್ಲ ಜನ ಕಣ್ಣು ಕಿರಿದು ಮಾಡಿ, ಜಗಿಯುವುದನ್ನು ನಿಲ್ಲಿಸಿ, ಎಲೆಯ ಮುಂದೆ ಕಲ್ಲಾಗುತ್ತಿದ್ದರು.

ಈ ಅಪರಿಚಿತನ ಕಣ್ಣನ್ನು ಕಡೆಗಣಿಸುವುದು ರೂಢಿ. ಹೃದಯದಾಕಾರದ ಚೌಕಟ್ಟಿನೊಳಗೆ ಮದುಮಗಳನ್ನು ತಿರುಗಿಸುವ, ತಾವರೆ ಅರಳಿಸಿ ಅದರೊಳಗಿಂದ ವರನನ್ನು ತೆಗೆಯುವ ಅವನ ‘ಎಫೆಕ್ಟು’ಗಳನ್ನು ನೋಡಿ ನಗುತ್ತೇವೆ. ಆದರೆ ಅಪ್ಪ ತೆಗೆದ ಚಿತ್ರದಲ್ಲಿ ಅಪ್ಪನಿಗೆ ಬೇಕಾದವರು ಮಾತ್ರ ಇರುತ್ತಾರೆ. ಇವನಿಗೆ ಯಾರು ಬೇಕಾದವರು, ಯಾರು ಬೇಡದವರು ಎಂಬುದೇ ಗೊತ್ತಿಲ್ಲ. ಹಾಗಾಗಿ ಪಂಕ್ತಿಯ ಈ ತುದಿಯಿಂದ ಆ ತುದಿಯವರೆಗೆ ಒಬ್ಬರನ್ನೂ ಬಿಡದೆ ಕ್ಯಾಮೆರಾ ಹಾಯಿಸುತ್ತಾನೆ. ಮನೆಯವರು ಮರೆತ ದೂರದ ನೆಂಟ, ಮುನಿಸಿಕೊಂಡ ಭಾವ, ಒಲೆಯ ಮುಂದೆ ಬೆವರುತ್ತಿರುವ ಅಡುಗೆಯವರು, ವಿಧವೆಯೆಂದು ಮಂಟಪದಿಂದ ದೂರ ಕೂತ ಅಜ್ಜಿ, ಎಲ್ಲರೂ ಬರುತ್ತಾರೆ. ಎಂಬತ್ತು, ತೊಂಬತ್ತರ ದಶಕದ ಕರ್ನಾಟಕದ ಜನ ಏನುಟ್ಟರು, ಏನುಂಡರು, ಯಾರ ಪಕ್ಕ ಯಾರು ಕೂತರು ಎಂದು ಮುಂದೊಂದು ದಿನ ಬರೆಯುವವರಿಗೆ ಇದಕ್ಕಿಂತ ಒಳ್ಳೆಯ ಆಕರ ಸಿಗಲಿಕ್ಕಿಲ್ಲ ಎಂದು ನನ್ನ ನಂಬಿಕೆ.

ಈ ಕ್ಯಾಸೆಟ್ಟುಗಳು ಕಡಲನ್ನೂ ದಾಟಿದವು. ಮದುವೆಗೆ ಬರಲಾಗದ ಮಗನಿಗೆ, ಅಣ್ಣನಿಗೆ ಯಾರದೋ ಪೆಟ್ಟಿಗೆಯಲ್ಲಿ ಒಂದು ಪ್ರತಿ. ಕರಾವಳಿಯಿಂದ ದುಬೈ, ಕುವೈತ್, ಮಸ್ಕತ್‌ಗೆ ಹೋದ ಕ್ಯಾಸೆಟ್ಟು ಅಲ್ಲಿನ ಯಂತ್ರದಲ್ಲಿ ಸಲೀಸಾಗಿ ಓಡುತ್ತಿತ್ತು, ಎರಡೂ ಕಡೆ ಪಾಲ್ ಪದ್ಧತಿಯ ಟೀವಿ. ಅಮೆರಿಕಕ್ಕೆ ಹೋದದ್ದು ಓಡುತ್ತಿರಲಿಲ್ಲ, ಅಲ್ಲಿನದು ಎನ್‌ಟಿಎಸ್‌ಸಿ. ತಂಗಿಯ ಧಾರೆಯನ್ನು ನೋಡಲು ಕೂತವರಿಗೆ ಕಾಣುತ್ತಿದ್ದುದು ಉರುಳಾಡುವ ಕಪ್ಪುಬಿಳುಪು ಪಟ್ಟೆಗಳು. ಮತ್ತೆ ಹಣ ಕೊಟ್ಟು ಪದ್ಧತಿ ಬದಲಿಸಿಕೊಳ್ಳಬೇಕಿತ್ತು.

ಹುಳಿ ವಾಸನೆ, ಬಿಳಿ ಬೂಷ್ಟು

ಅಸಿಟೇಟ್ ಫಿಲ್ಮು ಸಾಯುವಾಗ ವಿನೆಗರ್ ವಾಸನೆ ಬರುತ್ತದೆ. ಸೆಖೆ, ತೇವಗಳಲ್ಲಿ ಅದು ಒಡೆದು ಅಸಿಟಿಕ್ ಆಮ್ಲ ಬಿಡುತ್ತದೆ, ಆ ಆಮ್ಲ ಕೊಳೆಯುವಿಕೆಯನ್ನು ಇನ್ನಷ್ಟು ಜೋರು ಮಾಡುತ್ತದೆ. ಒಂದು ರೀಲು ಕೆಟ್ಟರೆ ಪಕ್ಕದ್ದಕ್ಕೂ ತಗಲುತ್ತದೆ. ತಂಪಾದ, ಒಣ ಜಾಗದಲ್ಲಿಟ್ಟರೆ ನಿಧಾನವಾಗುತ್ತದೆ, ಹಿಂದಕ್ಕೆ ಹೋಗುವುದಿಲ್ಲ. ಇಷ್ಟಾದರೂ ಚೆನ್ನಾಗಿಟ್ಟ 1938ರ ಕೊಡಾಕ್ರೋಮಿನ ಕೆಂಪು ಇಂದಿಗೂ ಕೆಂಪೇ.

ಆಮೇಲೆ ಬಂದವುಗಳ ಆಯುಸ್ಸು ಕಡಿಮೆ. ವಿಎಚ್‌ಎಸ್ ಟೇಪು ಪ್ಲಾಸ್ಟಿಕ್ ಪಟ್ಟಿಗೆ ಅಂಟಿನಿಂದ ಹಿಡಿಸಿದ ಕಾಂತೀಯ ಪುಡಿ. ಅಂಟು ಸಡಿಲಾದರೆ ಚಿತ್ರವೂ ಸಡಿಲ. ಮಲೆನಾಡು, ಕರಾವಳಿಯ ಮಳೆಗಾಲದಲ್ಲಿ ಕಪಾಟಿನಲ್ಲಿಟ್ಟ ಕ್ಯಾಸೆಟ್ಟಿನ ಕಿಟಕಿಯೊಳಗೆ ಬಿಳಿ ಬೂಷ್ಟು ಕಾಣುವುದು ಸಾಮಾನ್ಯ. ಆಸೆ ತಡೆಯದೆ ಅದನ್ನು ಹಾಗೇ ಯಂತ್ರಕ್ಕೆ ತುರುಕಿದರೆ ಟೇಪು ಹರಿಯಬಹುದು, ಬೂಷ್ಟು ಯಂತ್ರಕ್ಕಂಟಿ ಮುಂದಿನ ಕ್ಯಾಸೆಟ್ಟಿಗೂ ಹರಡುತ್ತದೆ. ಮೊದಲು ಶುಚಿ ಮಾಡಿಸಬೇಕು. ಓಡಿಸಲು ಯಂತ್ರವೂ ಬೇಕಲ್ಲ: ವಿಸಿಆರ್ ತಯಾರಿಸುತ್ತಿದ್ದ ಕೊನೆಯ ಕಂಪನಿ, ಜಪಾನಿನ ಫುನಾಯ್, 2016ರಲ್ಲಿ ಕೈಬಿಟ್ಟಿತು. 2000ದ ನಂತರದ ಮದುವೆಗಳ ಡಿವಿಡಿಗಳ ಪಾಡೂ ಚೆನ್ನಾಗಿಲ್ಲ. ಮನೆಯಲ್ಲಿ ಬರೆದ ಡಿಸ್ಕಿನಲ್ಲಿರುವುದು ಬಣ್ಣದ ಪದರ, ಅದು ಮಾಸಿದರೆ ಯಂತ್ರಕ್ಕೆ ಓದಲಾಗದು.

ಈಗ ಜೇಬಿನಲ್ಲೇ ಕ್ಯಾಮೆರಾ. ಅಪ್ಪನ ಏಕಸ್ವಾಮ್ಯ ಮುಗಿದಿದೆ, ಬಾಡಿಗೆಯವನ ಕಾಲವೂ ಮದುವೆ ಮನೆಗಷ್ಟೇ ಸೀಮಿತ. ಫೋನಿನ ವಿಡಿಯೊದಲ್ಲಿ ತೆಗೆಯುವವರ ಧ್ವನಿಯೂ ಸೇರಿಕೊಳ್ಳುತ್ತದೆ ಎಂಬುದು ದೊಡ್ಡ ಬದಲಾವಣೆ: ಮಗು ನಡೆಯುವುದು ತೆರೆಯ ಮೇಲೆ, ‘ಬಾ ಬಾ, ಅಜ್ಜಿ ಹತ್ರ ಬಾ’ ಎಂಬುದು ತೆರೆಯ ಹಿಂದಿನಿಂದ. ಆದರೆ ಅವುಗಳನ್ನು ಹತ್ತು ಜನ ಒಟ್ಟಿಗೆ ಕೂತು ನೋಡುವುದಿಲ್ಲ. ವಾಟ್ಸ್‌ಆ್ಯಪ್‌ನಲ್ಲಿ ಕಳಿಸಿದ್ದು ಕುಗ್ಗಿ, ಮಸುಕಾಗಿ ತಲುಪುತ್ತದೆ. ಉಳಿಸಿಕೊಳ್ಳಬೇಕಾದದ್ದು ಮೂಲ ಫೈಲು, ಅದೂ ಎರಡು ಬೇರೆ ಜಾಗಗಳಲ್ಲಿ.

2002ರಲ್ಲಿ ಅಮೆರಿಕದ ಕೆಲವು ಫಿಲ್ಮ್ ಸಂರಕ್ಷಕರು ‘ಹೋಮ್ ಮೂವಿ ಡೇ’ ಎಂಬ ಒಂದು ದಿನದ ಆಚರಣೆ ಶುರುಮಾಡಿದರು. ಈಗ ಹಲವು ದೇಶಗಳಲ್ಲಿ ನಡೆಯುತ್ತದೆ. ಊರಿನವರು ಅಟ್ಟದ ಮೇಲಿನ ರೀಲುಗಳನ್ನು ತರುತ್ತಾರೆ, ತಿಳಿದವರು ಪರೀಕ್ಷಿಸುತ್ತಾರೆ, ಓಡಿಸಬಹುದಾದ್ದನ್ನು ಓಡಿಸುತ್ತಾರೆ, ತಂದವರು ಎಲ್ಲರೆದುರು ಅದರ ಕಥೆ ಹೇಳುತ್ತಾರೆ. ನಮ್ಮ ಮನೆಗಳಲ್ಲಿ ಇದಕ್ಕೆ ವಿಶೇಷ ದಿನ ಬೇಕಿಲ್ಲ. ಕ್ಯಾಸೆಟ್ಟನ್ನು ಪೆನ್‌ಡ್ರೈವಿಗೆ ಹಾಕಿಕೊಡುವ ಅಂಗಡಿಗಳು ಜಿಲ್ಲಾ ಕೇಂದ್ರಗಳಲ್ಲಿ ಇನ್ನೂ ಅಲ್ಲಲ್ಲಿ ಇವೆ. ಹಾಕಿಸಿ ತಂದ ಮೇಲೆ ಮನೆಯ ಹಿರಿಯರೊಬ್ಬರ ಜೊತೆ ಕೂತು ಟೀವಿಯಲ್ಲಿ ಓಡಿಸಿ, ಅವರ ಪಕ್ಕ ಒಂದು ಫೋನನ್ನು ಧ್ವನಿಮುದ್ರಣಕ್ಕೆ ಇಟ್ಟರೆ ಸಾಕು. ಹೆಸರು, ಊರು, ಸಂಬಂಧ; ಎಡದಿಂದ ಬಲಕ್ಕೆ. ನಡುವೆ ಅವರು ಬೇರೆ ಕಥೆಗೆ ಹೊರಳಿದರೆ ತಡೆಯಬೇಡಿ, ಟೀವಿಯನ್ನು ನಿಲ್ಲಿಸಿ. ಆ ಧ್ವನಿಯ ಫೈಲಿಗೆ ವಿಡಿಯೊದ ಹೆಸರನ್ನೇ ಇಟ್ಟು ಅದರ ಜೊತೆಯಲ್ಲೇ ಇರಿಸಿ.